ಸಕಲೇಶಪುರ ಕಡೆ ಹೈಸ್ಕೂಲಿಗೆ ಎಚ್‌ಎಂ ಆಗಿ ಹೋಗುವಾಗ ಮೊದಲು ಏನು ನೋಡ್ಕೋಬೇಕು?

ಗಣಿತದ ಮೇಡಂ, ಹಾಸನ:
ಸಹಶಿಕ್ಷಕಿ ಹುದ್ದೆಯಿಂದ ಮುಖ್ಯ ಶಿಕ್ಷಕಿಯಾಗಿ ಬಡ್ತಿ ಆದೇಶ ಬಂದಿದೆ. ಸಕಲೇಶಪುರ ತಾಲ್ಲೂಕಿನ ಸರ್ಕಾರಿ ಪ್ರೌಢಶಾಲೆ, 8ರಿಂದ 10ರವರೆಗೆ ಸುಮಾರು 120 ಮಕ್ಕಳು. ಗುಮಾಸ್ತರ ಹುದ್ದೆ ಖಾಲಿ. ಪಾಠ ಗೊತ್ತು, ಕಚೇರಿ ಕೆಲಸ ಹೊಸದು. ಚಾರ್ಜ್ ತಗೊಳ್ಳೋ ದಿನ ಏನೇನು ಎಣಿಸಿ ನೋಡಬೇಕು? ಮಳೆ, ಕಾಫಿ ಕೊಯ್ಲಿನ ನಡುವೆ ಹತ್ತನೇ ತರಗತಿ ಹಾಜರಾತಿ ಹೇಗೆ ಹಿಡಿದಿಡೋದು? ತಿಳಿದವರು ದಯವಿಟ್ಟು ಹೇಳಿ.

ನಗದು ಪುಸ್ತಕ:
ಅಭಿನಂದನೆ ಮೇಡಂ. ಹೈಸ್ಕೂಲ್ ಎಚ್‌ಎಂ ಅಂದ್ರೆ ಗೆಜೆಟೆಡ್ ಹುದ್ದೆ, ಜೊತೆಗೆ ಡಿಡಿಒ (ಸರ್ಕಾರಿ ಹಣ ಸೆಳೆದು ಬಟವಾಡೆ ಮಾಡುವ ಅಧಿಕಾರಿ) ಕೂಡ. ನಿಮ್ಮ ಸಹಿ ಬಿದ್ದ ಮೇಲೆ ಹಳೇ ತಪ್ಪಿಗೂ ನೀವೇ ಉತ್ತರ ಕೊಡಬೇಕಾಗುತ್ತೆ. ಆದ್ದರಿಂದ ಚಾರ್ಜ್ ಪಟ್ಟಿಗೆ ಅವಸರದಲ್ಲಿ ಸಹಿ ಹಾಕಬೇಡಿ. ಎರಡು ದಿನ ಹಿಡಿದರೂ ಸರಿ.

ಮೊದಲು ನಗದು ಪುಸ್ತಕ. ಅದರ ಕೊನೆಯ ಶಿಲ್ಕು ಮತ್ತು ಅದೇ ದಿನದ ಬ್ಯಾಂಕ್ ಪಾಸ್‌ಬುಕ್ ಪಕ್ಕಪಕ್ಕ ಇಟ್ಟು ನೋಡಿ. ವ್ಯತ್ಯಾಸ ಬಂದರೆ ಕೊಟ್ಟ ಚೆಕ್ ಇನ್ನೂ ನಗದಾಗಿಲ್ಲವೋ, ಬಡ್ಡಿ ಬರೆದುಕೊಂಡಿಲ್ಲವೋ ಅಂತ ಕೇಳಿ, ಕಾರಣವನ್ನು ಪುಸ್ತಕದಲ್ಲೇ ಬರೆಸಿ. ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಜಂಟಿ ಖಾತೆಯ ಚೆಕ್ ಪುಸ್ತಕದಲ್ಲಿ ಉಳಿದ ಹಾಳೆಗಳನ್ನು ನಂಬರ್ ಸಮೇತ ಚಾರ್ಜ್ ಪಟ್ಟಿಯಲ್ಲಿ ನಮೂದಿಸಿ. ಮೊದಲೇ ಸಹಿ ಮಾಡಿಟ್ಟ ಖಾಲಿ ಚೆಕ್ ಸಿಕ್ಕರೆ ಅಲ್ಲೇ ರದ್ದು ಮಾಡಿಸಿ.

ಆಮೇಲೆ ಬಿಸಿಯೂಟದ ಅಕ್ಕಿ. ಪ್ರೌಢಶಾಲೆ ಮಗುವಿಗೆ ದಿನಕ್ಕೆ 150 ಗ್ರಾಂ ಲೆಕ್ಕ. 120 ಮಕ್ಕಳೂ ಉಂಡರೆ 18 ಕೆ.ಜಿ., ಅಂದರೆ 50 ಕೆ.ಜಿ. ಚೀಲ ಮೂರು ದಿನವೂ ಬರಲ್ಲ. ಪುಸ್ತಕದಲ್ಲಿ ನಾಲ್ಕು ಚೀಲ ಅಂತ ಇದ್ದರೆ ಎಣಿಸಿ ಬಿಡಬೇಡಿ, ತೂಗಿಸಿ. ಬಾಯಿ ಬಿಚ್ಚಿದ ಚೀಲದಲ್ಲೇ ಕೊರತೆ ಅಡಗಿರುತ್ತೆ. ಹಾಜರಿದ್ದವರೆಲ್ಲ ಉಂಡರು ಅಂತ ಬರೆಯುವ ರೂಢಿ ಇದ್ದರೆ ತಿಂಗಳ ಕೊನೆಗೆ ಪುಸ್ತಕ ಒಂದು ಹೇಳುತ್ತೆ, ಕೋಣೆ ಇನ್ನೊಂದು. ಉಂಡವರ ತಲೆ ಎಣಿಕೆ ಬೇರೆಯೇ ಬರೆಸಿ. ಖಾಲಿ ಚೀಲಕ್ಕೂ ಲೆಕ್ಕ ಇದೆ, ಮರೆಯಬೇಡಿ.

ಇನ್ನೊಂದು ವಿಷಯ ಬಹಳ ಜನ ಬಿಟ್ಟುಬಿಡ್ತಾರೆ: ಎಸ್‌ಎಟಿಎಸ್ (ಮಕ್ಕಳ ದಾಖಲೆ), ಯುಡೈಸ್ (ಶಾಲೆಯ ಮಾಹಿತಿ), ಎಚ್‌ಆರ್‌ಎಂಎಸ್ (ನೌಕರರ ಸಂಬಳ) ಆನ್‌ಲೈನ್ ಖಾತೆಗಳು, ಬ್ಯಾಂಕ್, ಎಲ್ಲಕ್ಕೂ ಹಳೇ ಎಚ್‌ಎಂ ಅವರ ಮೊಬೈಲ್ ನಂಬರೇ ಕೊಟ್ಟಿರುತ್ತೆ. ಒಟಿಪಿ ಅವರಿಗೆ ಹೋಗುತ್ತೆ, ಕೆಲಸ ನಿಮ್ಮದು ನಿಲ್ಲುತ್ತೆ. ಅವರು ಶಾಲೆಯಲ್ಲಿ ಇರುವಾಗಲೇ ನಂಬರ್ ಬದಲಾಯಿಸೋ ಕೆಲಸ ಶುರು ಮಾಡಿ. ಖಜಾನೆಯಲ್ಲಿ ನಿಮ್ಮ ಹೆಸರಿಗೆ ಡಿಎಸ್‌ಸಿ (ಡಿಜಿಟಲ್ ಸಹಿ) ಆಗೋ ತನಕ ಸಂಬಳದ ಬಿಲ್ ಹೋಗಲ್ಲ. ತಿಂಗಳ 20ರ ನಂತರ ಚಾರ್ಜ್ ಬದಲಾದರೆ ಇಡೀ ಶಾಲೆಯ ಸಂಬಳ ತಡ. ಸಾಧ್ಯವಾದರೆ ಮೊದಲ ವಾರದಲ್ಲೇ ಹಾಜರಾಗಿ.

ಗುಮಾಸ್ತರಿಲ್ಲ ಅಂದಿರಿ. ಹಾಗಾದರೆ ಟಿಡಿಎಸ್ (ಸಂಬಳದಲ್ಲಿ ಹಿಡಿದ ಆದಾಯ ತೆರಿಗೆ) ತ್ರೈಮಾಸಿಕ ವಿವರ ಸಲ್ಲಿಕೆ ಆಗಿದೆಯಾ ಅಂತ ನೀವೇ ನೋಡ್ಕೊಳ್ಳಿ. ತಡವಾದರೆ ದಿನಕ್ಕೆ ₹200 ಶುಲ್ಕ ಬೀಳುತ್ತೆ, ನೋಟಿಸ್ ಬರೋದು ಡಿಡಿಒ ಹೆಸರಿಗೆ.

ಘಟ್ಟದಂಚು:
ಕಚೇರಿ ವಿಷಯ ಅವರು ಹೇಳಿದ್ದಾರೆ. ಹಾಜರಾತಿ ಬಗ್ಗೆ ನಾನು ಬರೀತೀನಿ.

ಎಸ್ಸೆಸ್ಸೆಲ್ಸಿಗೆ ಕೂರಲು 75% ಹಾಜರಾತಿ ಬೇಕು. ವರ್ಷಕ್ಕೆ 220 ದಿನ ಶಾಲೆ ನಡೆದರೆ 165 ದಿನ ಬರಲೇಬೇಕು, ತಪ್ಪಿಸಿಕೊಳ್ಳಲು ಇರೋದು 55 ದಿನ. ಜುಲೈ ಮಳೆಯಲ್ಲಿ ರಜೆ ಘೋಷಣೆ ಆದ ದಿನ ಲೆಕ್ಕಕ್ಕಿಲ್ಲ. ಆದರೆ ಹಳ್ಳ ತುಂಬಿ ಬರಲಾಗದ ದಿನ ಗೈರುಹಾಜರಿಯೇ. ಅದರ ಮೇಲೆ ನವೆಂಬರ್ ಕೊನೆಯಿಂದ ಅರೇಬಿಕಾ, ಜನವರಿಯಿಂದ ರೋಬಸ್ಟಾ ಕೊಯ್ಲು. ಲೈನ್ ಮನೆ (ತೋಟದ ಕಾರ್ಮಿಕರ ಸಾಲುಮನೆ) ಮಕ್ಕಳು, ಅದರಲ್ಲೂ ಹೆಣ್ಣುಮಕ್ಕಳು, ತಮ್ಮ-ತಂಗಿಯರನ್ನು ನೋಡಿಕೊಳ್ಳಲು ಮನೆಯಲ್ಲೇ ಉಳೀತಾರೆ. ಪೂರ್ವಸಿದ್ಧತಾ ಪರೀಕ್ಷೆಯೂ ಅದೇ ಹೊತ್ತಿಗೆ ಬರುತ್ತೆ.

ಹಾಗಾಗಿ ಫೆಬ್ರವರಿಯಲ್ಲಿ ಕೊರತೆ ಪಟ್ಟಿ ಮಾಡಿ ಪ್ರಯೋಜನವಿಲ್ಲ. ಅಕ್ಟೋಬರ್ ಕೊನೆಗೇ 85% ಕೆಳಗಿರುವ ಮಕ್ಕಳನ್ನು ಗುರುತು ಮಾಡಿ, ಕೊಯ್ಲು ಶುರುವಾಗುವ ಮೊದಲು ಮನೆಗೆ ಹೋಗಿ. ತಂದೆ ತಾಯಿ ಜೊತೆ ಎಸ್ಟೇಟ್ ರೈಟರ್ (ತೋಟದ ಕೆಲಸ, ಲೆಕ್ಕ ನೋಡುವವರು) ಹತ್ತಿರವೂ ಮಾತಾಡಿ. ಲೈನಿನಲ್ಲಿ ಅವರ ಮಾತು ನಡೆಯುತ್ತೆ.

ಸಂಜೆ ವಿಶೇಷ ತರಗತಿ ಅಂತ ಸುತ್ತೋಲೆ ನೋಡಿ ವೇಳಾಪಟ್ಟಿ ಹಾಕಬೇಡಿ. ಕೊನೇ ಬಸ್ ತಪ್ಪಿದರೆ ಮಗು ಕಾಫಿ ತೋಟದೊಳಗೆ ನಡೆದೇ ಹೋಗಬೇಕು. ಸಕಲೇಶಪುರ, ಆಲೂರು, ಬೇಲೂರು ಕಡೆ ಆನೆ ಓಡಾಟ ಗೊತ್ತಲ್ಲ. ಬೆಳಗಿನ ಬಸ್ ಬರುವ ಹೊತ್ತು ನೋಡಿ ಪ್ರಾರ್ಥನೆಗೆ ಮುಂಚೆ 45 ನಿಮಿಷ ಇಟ್ಟುಕೊಳ್ಳಿ. ತಗಡಿನ ಮಾಡಿನ ಕೋಣೆಯಾದರೆ ಜೋರು ಮಳೆಯಲ್ಲಿ ಎರಡನೇ ಬೆಂಚಿಗೂ ಪಾಠ ಕೇಳಿಸಲ್ಲ, ಆ ಅವಧಿಗೆ ಬರವಣಿಗೆ, ನಕಾಶೆ, ಲೆಕ್ಕ ಬಿಡಿಸೋದು ಇಡಿ.

ನೀವು ಗಣಿತದವರು, 8ನೇ ತರಗತಿಯ ಒಂದು ಅವಧಿ ಬಿಟ್ಟುಕೊಡಬೇಡಿ. ನಾಲ್ಕೈದು ಬೇರೆ ಬೇರೆ ಶಾಲೆಯಿಂದ ಬಂದ ಮಕ್ಕಳು ಅವರು. ಜೂನ್ ಸೇತುಬಂಧದಲ್ಲಿ (ಹಿಂದಿನ ತರಗತಿಯ ಕಲಿಕೆ ಸರಿಪಡಿಸುವ ಪಾಠ) ಭಾಗಾಕಾರ ಬಾರದವರು ಯಾರು ಅಂತ ಆಗಲೇ ಸಿಗ್ತಾರೆ. ಹತ್ತರ ಫಲಿತಾಂಶ ಹಾಳಾಗೋದು ಬಹುಪಾಲು ಎಂಟರಲ್ಲೇ ಅನ್ನೋದು ನನ್ನ ಖಚಿತ ಅಭಿಪ್ರಾಯ.

ಪರೀಕ್ಷಾ ನೋಂದಣಿ ಪಟ್ಟಿಯನ್ನು ದಾಖಲಾತಿ ಪುಸ್ತಕದ ಜೊತೆ ಒಂದೊಂದೇ ಅಕ್ಷರ ತಾಳೆ ನೋಡಿ: ಇನಿಷಿಯಲ್, ತಾಯಿ ಹೆಸರು, ಜನ್ಮದಿನಾಂಕ. ಮುದ್ರಿತ ಪ್ರತಿಗೆ ಪೋಷಕರ ಸಹಿ ಪಡೆಯಿರಿ. ಅಂಕಪಟ್ಟಿ ಬಂದ ಮೇಲೆ ತಿದ್ದಿಸಲು ಆ ಮಗು ವರ್ಷಗಟ್ಟಲೆ ಅಲೆಯಬೇಕಾಗುತ್ತೆ.

ಗಣಿತದ ಮೇಡಂ, ಹಾಸನ:
ತುಂಬಾ ಉಪಕಾರ ಆಯ್ತು ಇಬ್ಬರಿಗೂ. ಆ ಶಾಲೆಯ ಅಕ್ಕಿ ಕೋಣೆ ಗೋಡೆಯಲ್ಲಿ ತೇವ ಇದೆಯಂತೆ. ಅಕ್ಕಿ ಕೆಟ್ಟರೆ ಏನು ಮಾಡೋದು ಸರ್?

ನಗದು ಪುಸ್ತಕ:
ಮಳೆಗಾಲದಲ್ಲಿ ಒಂದು ತಿಂಗಳಿಗಿಂತ ಹೆಚ್ಚು ದಾಸ್ತಾನು ಇಟ್ಟುಕೊಳ್ಳಬೇಡಿ ಮೇಡಂ, ಬೇಡಿಕೆ ಕಳಿಸುವಾಗಲೇ ಉಳಿಕೆ ಕಳೆದು ಬರೀರಿ. ಚೀಲ ನೆಲಕ್ಕೆ ತಾಗಬಾರದು, ಮರದ ಹಲಗೆ ಮೇಲೆ, ಗೋಡೆಯಿಂದ ಒಂದಡಿ ಬಿಟ್ಟು ಇಡಿಸಿ. ಹಳೇ ಚೀಲ ಮುಂದೆ, ಹೊಸದು ಹಿಂದೆ. ನುಸಿ ಬಿದ್ದರೆ ಬಿಸಿಲು ಬಂದ ದಿನ ಹರಡಿ, ಜರಡಿ ಹಿಡಿದು ಬಳಸಬಹುದು. ಮುಗ್ಗಲು ವಾಸನೆ ಬಂದು ಗಂಟು ಕಟ್ಟಿದ್ದರೆ ಬೇಯಿಸಲೂಬೇಡಿ, ಸುಮ್ಮನೆ ಚೆಲ್ಲಲೂಬೇಡಿ. ಎಸ್‌ಡಿಎಂಸಿ ಸದಸ್ಯರನ್ನು ಕರೆಸಿ, ತೂಗಿ, ಫೋಟೊ ತೆಗೆದು ಮಹಜರು ಬರೆದು, ತಾಲ್ಲೂಕು ಅಕ್ಷರ ದಾಸೋಹ (ಬಿಸಿಯೂಟ ಯೋಜನೆ) ಸಹಾಯಕ ನಿರ್ದೇಶಕರಿಗೆ ಅದೇ ದಿನ ಪತ್ರ ಕೊಟ್ಟು ಸ್ವೀಕೃತಿ ತಗೊಳ್ಳಿ. ಅವರಿಂದ ಲಿಖಿತ ಆದೇಶ ಬರೋ ತನಕ ಆ ಚೀಲಗಳನ್ನು ಬೇರೆ ಮೂಲೆಯಲ್ಲಿ ಚೀಟಿ ಅಂಟಿಸಿ ಇಡಿ.