ನೀಹಾರಿಕೆ, ಪುಂಜ, ಗೊಂಚಲು: ಯಾವುದು ಯಾವುದಕ್ಕೆ?

ಬಲ್ಲವರಲ್ಲಿ ಒಂದು ಪದವಿಚಾರ. ಚಿತ್ರದುರ್ಗದ ಹತ್ತಿರ ನಾನು ಪಾಠ ಮಾಡುವ ಹೈಸ್ಕೂಲಿನ ಮಕ್ಕಳಿಗೆ ಚಳಿಗಾಲದ ಆಕಾಶ ತೋರಿಸಲು ಎರಡು ಪುಟ ಬರೆಯಲು ಕೂತೆ. ಹೆಸರುಗಳಲ್ಲೇ ಸಿಕ್ಕಿಬಿದ್ದೆ.

ನೆಬ್ಯುಲಾಗೆ, ಅಂದರೆ ಆಕಾಶದ ಅನಿಲ-ಧೂಳಿನ ಮೋಡಕ್ಕೆ, ನೀಹಾರಿಕೆ ಸರಿ. ನೀಹಾರ ಅಂದರೆ ಮಂಜು. ಆ ಲ್ಯಾಟಿನ್ ಪದದ ಅರ್ಥವೂ ಅದೇ. ತೊಡಕಿರುವುದು ಗೆಲಾಕ್ಸಿಯಲ್ಲಿ, ಅಂದರೆ ನಮ್ಮ ಆಕಾಶಗಂಗೆಯಂಥ ನಕ್ಷತ್ರಗಳ ಮಹಾಕೂಟದಲ್ಲಿ. ಅಂಥದೇ ಇನ್ನೊಂದು ಗೆಲಾಕ್ಸಿಯಾದ ಆಂಡ್ರೊಮಿಡಾವನ್ನೂ ಹಿಂದೆ ನೀಹಾರಿಕೆ ಎಂದೇ ಬರೆಯುತ್ತಿದ್ದರು. ತಪ್ಪೆನ್ನಲಾರೆ. 1923ರಲ್ಲಿ ಖಗೋಳ ವಿಜ್ಞಾನಿ ಹಬಲ್ ಅದರೊಳಗೊಂದು ಮಿಡಿಯುವ ನಕ್ಷತ್ರ ಹಿಡಿದು ದೂರ ಲೆಕ್ಕ ಹಾಕುವ ತನಕ, ಅದು ನಮ್ಮ ಆಕಾಶಗಂಗೆಯ ಒಳಗಿನದೋ ಹೊರಗಿನದೋ ಎಂಬುದೇ ಇತ್ಯರ್ಥವಾಗಿರಲಿಲ್ಲ. ದೂರ ಸುಮಾರು 25 ಲಕ್ಷ ಜ್ಯೋತಿರ್ವರ್ಷ ಎಂದು ಈಗ ಗೊತ್ತು. ಆದರೆ ಬೈನಾಕ್ಯುಲರಿಗೆ ಇವತ್ತೂ ಅದು ಮಂಜೇ. ಹೋದ ಡಿಸೆಂಬರಿನಲ್ಲಿ, ಗಾಳಿಯಂತ್ರಗಳ ಕೆಂಪು ದೀಪಕ್ಕೆ ಬೆನ್ನು ಮಾಡಿ ನಿಂತು ನೋಡಿದ ಹುಡುಗಿಯೊಬ್ಬಳು, ‘ಸಾರ್, ಕನ್ನಡಿ ಮೇಲೆ ಉಸಿರು ಬಿಟ್ಟಂಗೈತೆ’ ಅಂದಳು. ಇದು ನೀಹಾರಿಕೆ ಅಲ್ಲಮ್ಮ ಅನ್ನಲು ಬಾಯೇ ಬರಲಿಲ್ಲ.

ತಾರಾಗಣ ಅನ್ನೋಣವೆಂದರೆ ಸಿನಿಮಾ ಪೋಸ್ಟರು ನೆನಪಾಗುತ್ತದೆ. ಬ್ರಹ್ಮಾಂಡ ಅಂದರೆ ಇಡೀ ವಿಶ್ವ ಎಂದೇ ಮಕ್ಕಳ ಎಣಿಕೆ. ‘ಅಖಿಲಾಂಡಕೋಟಿ ಬ್ರಹ್ಮಾಂಡ ನಾಯಕ’ ಎಂದು ಬಹುವಚನದಲ್ಲಿ ದಿನವೂ ಕೇಳುತ್ತೇವೆ, ಆ ಮಾತು ಬೇರೆ. ಸದ್ಯಕ್ಕೆ ಗೆಲಾಕ್ಸಿ ಎಂದೇ ಇಟ್ಟಿದ್ದೇನೆ.

ಇನ್ನು ಪುಂಜ. ಪುಂಜವೆಂದರೆ ರಾಶಿ, ಗುಂಪು. ಮಹಾವ್ಯಾಧದ (ಓರಿಯನ್) ನಕ್ಷತ್ರಗಳು ಬೇರೆಬೇರೆ ದೂರದಲ್ಲಿವೆ, ಒಟ್ಟುಗೂಡಿಸುವುದು ನಮ್ಮ ಕಣ್ಣಷ್ಟೆ. ಆದರೂ ಅದನ್ನು ನಕ್ಷತ್ರಪುಂಜ ಎನ್ನುತ್ತೇವೆ. ಸುಮಾರು 440 ಜ್ಯೋತಿರ್ವರ್ಷ ದೂರದಲ್ಲಿ ನಿಜಕ್ಕೂ ಜೊತೆಗೇ ಹುಟ್ಟಿ ಜೊತೆಗೇ ಸಾಗುತ್ತಿರುವ ಕೃತ್ತಿಕೆಗೆ ಆ ಹೆಸರಿಲ್ಲ, ಅದು ಗುಚ್ಛ! ನನಗೆ ಗೊಂಚಲು ವಾಸಿ ಅನ್ನಿಸುತ್ತದೆ. ನಮ್ಮ ಕಡೆ ನಕ್ಷತ್ರವನ್ನು ಚುಕ್ಕಿ ಅನ್ನುವುದರಿಂದ ‘ಚುಕ್ಕಿಗೊಂಚಲು’ ಎಂದು ಬರೆದೆ. ಸಹೋದ್ಯೋಗಿಯೊಬ್ಬರು ರಂಗೋಲಿಯ ಹೆಸರಿನಂತಿದೆ ಎಂದು ನಕ್ಕರು.

ಇನ್ನೊಂದು. ಜನವರಿಯಲ್ಲಿ ಊರ ಹಿರಿಯರೊಬ್ಬರನ್ನು ಮೃಗಶಿರದ ಕೆಳಗಿನ ನೀಹಾರಿಕೆ ನೋಡಲು ಕರೆದರೆ, ‘ಮೃಗಶಿರ ಅಂದ್ರೆ ಮೋಡ ಅಲ್ವೇನ್ರೀ ಮೇಷ್ಟ್ರೇ, ಚುಕ್ಕಿ ಎಲ್ಲಿ ಕಾಣ್ತಾವೆ?’ ಅಂದರು. ಅವರಿಗೆ ಅದು ಜೂನ್ ಮಳೆ. ಅವರ ಮಾತೂ ಸರಿಯೇ: ಸೂರ್ಯ ಆ ನಕ್ಷತ್ರದಲ್ಲಿದ್ದಾಗಲೇ ಆ ಮಳೆ, ಆಗ ನಕ್ಷತ್ರ ರಾತ್ರಿಯಲ್ಲಿ ಕಾಣುವುದೇ ಇಲ್ಲ.

ಅದಕ್ಕೇ ಕೇಳುತ್ತಿದ್ದೇನೆ: ಮಳೆಯ ಹೆಸರನ್ನು ಬಿಟ್ಟು, ಕಣ್ಣಿಗೆ ಕಾಣುವ ಕೃತ್ತಿಕೆಯ ಗುಂಪಿಗೆ ನಿಮ್ಮ ಕಡೆ ಹಿರಿಯರು ಏನನ್ನುತ್ತಿದ್ದರು? ಗೆಲಾಕ್ಸಿಗೆ ಮಕ್ಕಳ ಬಾಯಿಗೆ ಒಗ್ಗುವ ಪದವಿದೆಯೆ? ಬರುವ ಅಮಾವಾಸ್ಯೆಯೊಳಗೆ ಜೆರಾಕ್ಸ್ ಮಾಡಿಸಬೇಕು.