ಮೌನವೇ ವ್ಯಾಕರಣವಾದ ಭಾಷೆ: ಬಿಟ್ಟ ಪದ ಕೇಳಿಸುವುದು ಹೇಗೆ?

ಪ್ರಶ್ನೆ:
ಕಟ್ಟುತ್ತಿರುವ ಒಂದು ಕಲ್ಪಿತ ಭಾಷೆಯಲ್ಲಿ ಮುಖ್ಯ ವಿಷಯವನ್ನು ಹೇಳದೆ ಬಿಡುವುದೇ ಪದ್ಧತಿ. ಸತ್ತವರ ಹೆಸರು, ಕೇಳಬಾರದ ಬೇಡಿಕೆ, ಒಪ್ಪಿಗೆ ಎಲ್ಲವೂ ಮೌನದಲ್ಲೇ. ಆದರೆ ಬೇಕೆಂದು ಬಿಟ್ಟದ್ದಕ್ಕೂ ಮರೆತು ಬಿಟ್ಟದ್ದಕ್ಕೂ ವ್ಯತ್ಯಾಸ ಕಾಣುತ್ತಿಲ್ಲ. ಬರಹದಲ್ಲಿ ಮೂರು ಚುಕ್ಕಿ ಹಾಕಿದರೆ ಸಾಕೇ?

ಉತ್ತರ 1:
ಇರಲೇಬೇಕಾದ ಜಾಗ ಖಾಲಿಯಾದಾಗ ಮಾತ್ರ ಖಾಲಿತನಕ್ಕೆ ಅರ್ಥ ಬರುತ್ತದೆ. ಕನ್ನಡದ ‘ಹೋಗು’ ಆಜ್ಞೆಯಾಗುವುದು ‘ಹೋಗುತ್ತಾನೆ’, ‘ಹೋದಳು’ಗಳಲ್ಲಿ ಪ್ರತ್ಯಯ ಇರುವುದರಿಂದ. ಸಂಸ್ಕೃತ ವ್ಯಾಕರಣಕಾರ ಪಾಣಿನಿಯೂ ಲೋಪವನ್ನು, ಅಂದರೆ ಇರಬೇಕಾದ್ದು ಕಾಣದಿರುವುದನ್ನು, ‘ಅದರ್ಶನಂ ಲೋಪಃ’ (ಅಷ್ಟಾಧ್ಯಾಯಿ 1.1.60) ಎಂದು ಸೂತ್ರ ಬರೆದೇ ವ್ಯಾಖ್ಯಾನಿಸಿದ್ದಾನೆ.

ಹಾಗಾಗಿ ಪ್ರತಿ ಪದದ ಮುಂದೆ ಒಂದು ಗುರುತು ಕಡ್ಡಾಯ ಮಾಡಿ: ಕರ್ತೃವಿಗೆ ‘ನೆ’, ಕರ್ಮಕ್ಕೆ ‘ಲು’, ಕ್ರಿಯೆಗೆ ‘ಮಿ’, ವಾಕ್ಯ ಮುಗಿಸಲು ‘ಮೊ’. ಪೂರ್ಣ ವಾಕ್ಯ: ‘ನೆ ಅಪ್ಪ ಲು ಪತ್ರ ಮಿ ಓದು ಮೊ’. ಹೆಸರು ಹೇಳಬಾರದಿದ್ದರೆ: ‘ನೆ ಲು ಪತ್ರ ಮಿ ಓದು ಮೊ’. ಪದ ಹೋಯಿತು, ಗುರುತು ಉಳಿಯಿತು. ಇದು ಬೇಕೆಂದು ಬಿಟ್ಟದ್ದು. ಗುರುತೂ ಹೋದರೆ ಮರೆವು ಅಥವಾ ತಪ್ಪು. ‘ಮೊ’ ಮಾತ್ರ ಯಾವತ್ತೂ ಬಿಡಬಾರದು, ಬಿಟ್ಟರೆ ಮಾತು ಮುಗಿಯಿತೋ ನಿಂತಿತೋ ತಿಳಿಯುವುದಿಲ್ಲ.

ಬರಹಕ್ಕೆ ಚುಕ್ಕಿ ಬೇಡವೇ ಬೇಡ. ಅರ್ಧಕ್ಕೆ ನಿಂತ ಮಾತಿಗೂ ಅದನ್ನೇ ಬಳಸುತ್ತೇವೆ. ‘ನೆ ಲು’ ಅಕ್ಕಪಕ್ಕ ಬಂದರೇ ಸಾಕು, ಕಣ್ಣಿಗೆ ಬೀಳುತ್ತದೆ. ಈ ನಾಲ್ಕು ಅಕ್ಷರಗಳಿಂದ ಬೇರೆ ಯಾವ ಪದವೂ ಶುರುವಾಗದಂತೆ ನೋಡಿಕೊಳ್ಳಿ.

ಉತ್ತರ 2:
ಮೇಲಿನದ್ದು ಸರಿ, ಆದರೆ ಆಡುಮಾತಿನಲ್ಲಿ ಮೌನದ ಉದ್ದವೂ ಮುಖ್ಯ. ಹಲವು ಭಾಷೆಗಳನ್ನು ಅಳೆದಾಗ ಒಬ್ಬರ ಮಾತು ಮುಗಿದು ಇನ್ನೊಬ್ಬರದ್ದು ಶುರುವಾಗುವ ನಡುವಿನ ಅಂತರ ಸರಾಸರಿ ಸುಮಾರು 200 ಮಿಲಿಸೆಕೆಂಡ್. ಅರ್ಧ ಸೆಕೆಂಡ್ ಸುಮ್ಮನಾದರೆ ಎದುರಿನವರು ಬಾಯಿ ಹಾಕುವ ಸಾಧ್ಯತೆ ಹೆಚ್ಚು. ಗುರುತಿನ ಮೇಲೆ ಸ್ವರ ಏರಿಸಿ ನಿಲ್ಲಿಸಿ, ಇಳಿಸಬೇಡಿ; ಸರದಿ ಇನ್ನೂ ನನ್ನದೇ ಎಂದು ಆಗ ಗೊತ್ತಾಗುತ್ತದೆ.

ಮೌನಕ್ಕೆ ಎರಡು ಉದ್ದಗಳು ಸಾಕು. ಅವನ್ನೂ ಸೆಕೆಂಡಿನಲ್ಲಿ ಅಲ್ಲ, ಅನುಪಾತದಲ್ಲಿ ಗೊತ್ತುಮಾಡಿ. ಅಕ್ಷರಗಳನ್ನು ಚುಕ್ಕಿ-ಗೆರೆಗಳಾಗಿ ಕಳಿಸುವ ಮೋರ್ಸ್ ಸಂಕೇತದಲ್ಲಿ ಅಕ್ಷರದೊಳಗಿನ ಮೌನ 1, ಅಕ್ಷರಗಳ ನಡುವೆ 3, ಪದಗಳ ನಡುವೆ 7 ಮಾತ್ರೆ (ಒಂದು ಚುಕ್ಕಿಯ ಕಾಲ ಒಂದು ಮಾತ್ರೆ). ವೇಗ ಬದಲಾದರೂ ಅರ್ಥ ಕೆಡದಿರುವುದು ಇದರಿಂದಲೇ. ಮಾಮೂಲಿ ಬಿಡುವು 1, ಲೋಪದ ಮೌನ 3 ಇಟ್ಟುಕೊಳ್ಳಿ.

‘ನೆ, ಲು, ಮಿ, ಮೊ’ ಒಳ್ಳೆಯ ಆಯ್ಕೆ. ಕ, ತ, ಪ ಉಚ್ಚರಿಸುವಾಗ ನಾಲಿಗೆ ಅಥವಾ ತುಟಿ ಗಾಳಿಯನ್ನು ಪೂರ್ತಿ ತಡೆದು ಕ್ಷಣಕಾಲ ಸದ್ದೇ ಇರುವುದಿಲ್ಲ. ಗುರುತು ಇವುಗಳಿಂದ ಶುರುವಾದರೆ ಆ ನಿಶ್ಶಬ್ದವೂ ಲೋಪಕ್ಕೆ ಸೇರಿ ಉದ್ದ ತಪ್ಪುತ್ತದೆ.

ಪ್ರಶ್ನೆ ಕೇಳಿದವರು:
ಒಂದೇ ವಾಕ್ಯದಲ್ಲಿ ಎರಡು ಲೋಪ ಇರಬಹುದೇ?

ಉತ್ತರ 1:
ವ್ಯಾಕರಣ ತಡೆಯುವುದಿಲ್ಲ, ಅರ್ಥ ತಡೆಯುತ್ತದೆ. ‘ನೆ ಲು ಮಿ ಓದು ಮೊ’ ಎಂದಾಗ ಯಾರು, ಏನು ಎರಡನ್ನೂ ಕೇಳುವವರೇ ಊಹಿಸಬೇಕು. ಹಿಂದಿನ ವಾಕ್ಯದಲ್ಲಿ ಒಂದಾದರೂ ಬಂದಿರಬೇಕೆಂದು ನಿಯಮ ಹಾಕಿ. ಕ್ರಿಯೆಯ ಲೋಪವನ್ನು ಬೇಡಿಕೆಗೆ ಮೀಸಲಿಡಿ: ‘ನೆ ನೀವು ಲು ನೀರು ಮಿ ಮೊ’.