ಚಾರ್ಲ್ಸ್ ಬಿ. ಗ್ರಿಫಿತ್: ಚಿತ್ರಗಳು ಉಳಿದಿವೆ, ಬರೆದವರ ಹೆಸರೇಕೆ ಉಳಿಯಲಿಲ್ಲ?

ಪ್ರಶ್ನೆ:
ಅಮೆರಿಕದ ನಿರ್ಮಾಪಕ-ನಿರ್ದೇಶಕ ರೋಜರ್ ಕಾರ್ಮನ್ ಅವರ ಕಡಿಮೆ ಬಂಡವಾಳದ ಚಿತ್ರಗಳನ್ನು ನೋಡುತ್ತಾ ಬಂದಾಗ, ನನಗೆ ತುಂಬ ಹಿಡಿಸಿದ ‘ಎ ಬಕೆಟ್ ಆಫ್ ಬ್ಲಡ್’ (1959) ಮತ್ತು ‘ದಿ ಲಿಟಲ್ ಶಾಪ್ ಆಫ್ ಹಾರರ್ಸ್’ (1960) ಎರಡಕ್ಕೂ ಚಿತ್ರಕಥೆ ಬರೆದವರು ಚಾರ್ಲ್ಸ್ ಬಿ. ಗ್ರಿಫಿತ್ ಎಂಬುದು ಗಮನಕ್ಕೆ ಬಂತು. ಇವುಗಳಲ್ಲಿನ ವಿಡಂಬನೆ ಬರವಣಿಗೆಯದೋ ನಿರ್ದೇಶನದ್ದೋ? ಬಲ್ಲವರು ದಯವಿಟ್ಟು ತಿಳಿಸಬೇಕು.

ಉತ್ತರ 1:
ಬರವಣಿಗೆಯದೇ ಎಂದು ನಾನು ದೃಢವಾಗಿ ನಂಬುತ್ತೇನೆ. ‘ಬಕೆಟ್’ ಚಿತ್ರದ ಮೊದಲ ದೃಶ್ಯವನ್ನೇ ನೋಡಿ. ಬೀಟ್‌ನಿಕ್‌ಗಳು (ರೂಢಿಗಳನ್ನು ಧಿಕ್ಕರಿಸಿದ ಆ ಕಾಲದ ಅಮೆರಿಕದ ಯುವ ಕವಿ-ಕಲಾವಿದರು) ಸೇರುವ ಕಾಫಿ ಹೌಸಿನಲ್ಲಿ ಕವಿಯೊಬ್ಬ ಕಲೆಯ ಹೊರತು ಬೇರೇನೂ ಮುಖ್ಯವಲ್ಲವೆಂದು ಸಾರುತ್ತಾನೆ. ಮೇಜು ಒರೆಸುವ ವಾಲ್ಟರ್ ಪೈಸ್ಲಿ ಆ ಸಾಲುಗಳನ್ನು ಬಾಯಿಪಾಠ ಮಾಡಿಕೊಂಡು ಕೋಣೆಗೆ ಹೋಗಿ ತನಗೆ ತಾನೇ ಹೇಳಿಕೊಳ್ಳುತ್ತಾನೆ. ಗೋಡೆಯೊಳಗೆ ಸಿಕ್ಕಿಕೊಂಡ ಬೆಕ್ಕನ್ನು ಬಿಡಿಸಲು ಹೋಗಿ, ಕೈತಪ್ಪಿ ಅದನ್ನು ಚಾಕುವಿನಿಂದ ಇರಿದು ಕೊಂದವನು, ಅದರ ಮೇಲೆ ಜೇಡಿಮಣ್ಣು ಮೆತ್ತಿ ತಂದಾಗ ಎಲ್ಲರೂ ಅವನನ್ನು ಮಹಾಶಿಲ್ಪಿ ಎನ್ನುತ್ತಾರೆ. ಕಾಫಿ ಹೌಸಿನ ಮಾಲೀಕನಿಗೆ ಮಣ್ಣಿನಡಿಯ ಕೂದಲು ಕಣ್ಣಿಗೆ ಬೀಳುತ್ತದೆ. ಆದರೆ ಅಷ್ಟರಲ್ಲಿ ಕಲಾಸಂಗ್ರಾಹಕನೊಬ್ಬ ಅದಕ್ಕೆ 500 ಡಾಲರ್ ಕೊಡಲು ಮುಂದಾಗುವುದರಿಂದ ಆತ ಬಾಯಿ ಮುಚ್ಚಿಕೊಳ್ಳುತ್ತಾನೆ. ಮನುಷ್ಯರನ್ನೂ ಕೊಲ್ಲುವ ವಾಲ್ಟರ್‌ಗಿಂತ ಅವನಿಗೆ ಚಪ್ಪಾಳೆ ತಟ್ಟುವವರೇ ಇಲ್ಲಿ ಗುರಿ. ಐದು ದಿನಗಳಲ್ಲಿ ಮುಗಿದ ಚಿತ್ರೀಕರಣದಲ್ಲಿ ಇಂಥ ಹೆಣಿಗೆ ಸೆಟ್ಟಿನ ಮೇಲೆ ಹೊಳೆಯುವಂಥದ್ದಲ್ಲ, ಕಾಗದದ ಮೇಲೆ ಮೊದಲೇ ಇದ್ದಿರಲೇಬೇಕು.

ಉತ್ತರ 2:
ಒಪ್ಪುತ್ತೇನೆ, ಆದರೆ ಕಾರ್ಮನ್ ಅವರ ಪಾಲನ್ನು ತಳ್ಳಿಹಾಕುವುದು ನ್ಯಾಯವಲ್ಲ. ಇಷ್ಟು ವಿಚಿತ್ರವಾದ ಬರಹಕ್ಕೆ ಹಣ ಹಾಕುವವರು ಆಗ ಹಾಲಿವುಡ್‌ನಲ್ಲಿ ಎಷ್ಟು ಮಂದಿ ಇದ್ದರು? ‘ಲಿಟಲ್ ಶಾಪ್’ ಹೆಚ್ಚುಕಡಿಮೆ ‘ಬಕೆಟ್’ನ ಹಂದರವನ್ನೇ ಮತ್ತೆ ಬಳಸಿಕೊಂಡಿದೆ: ಯಾರೂ ಲೆಕ್ಕಕ್ಕಿಡದ ನೌಕರ, ಆಕಸ್ಮಿಕ ಸಾವು, ಅದರಿಂದ ಬಂದ ಕೀರ್ತಿ, ಆ ಕೀರ್ತಿ ಉಳಿಯಲು ಇನ್ನಷ್ಟು ಹೆಣ. ಒಳಾಂಗಣ ದೃಶ್ಯಗಳಲ್ಲಿ ಬಹುಪಾಲು ಎರಡೇ ದಿನಗಳಲ್ಲಿ ಮುಗಿದವು. ಆ ನೌಕರ ಸಾಕುವ, ಮಾತಾಡುವ ನರಭಕ್ಷಕ ಗಿಡದ ದನಿ ಸ್ವತಃ ಗ್ರಿಫಿತ್ ಅವರದು. ನಾಯಕನ ತಾಯಿಯಾಗಿ ನಟಿಸಿದವರು ರೇಡಿಯೊ ಧಾರಾವಾಹಿಯಿಂದ ಹೆಸರಾಗಿದ್ದ ಅವರ ಅಜ್ಜಿ ಮರ್ಟಲ್ ವೇಲ್.

ಉತ್ತರ 3:
ಹೆಸರು ಉಳಿಯದಿರುವುದಕ್ಕೆ ಒಂದು ಕಾರಣವನ್ನು ಸೇರಿಸುತ್ತೇನೆ. ‘ಲಿಟಲ್ ಶಾಪ್’ 1982ರಲ್ಲಿ ಸಂಗೀತ ನಾಟಕವಾಯಿತು, 1986ರಲ್ಲಿ ಅದೇ ನಾಟಕ ದೊಡ್ಡ ಬಂಡವಾಳದ ಚಿತ್ರವಾಯಿತು. ಹೊಸ ಪ್ರೇಕ್ಷಕರಿಗೆ ಕಥೆಯ ಜೊತೆ ನೆನಪಿಗೆ ಬರುವುದು ಹಾಡು ಕಟ್ಟಿದವರ ಹೆಸರು. 2007ರಲ್ಲಿ ತೀರಿಕೊಂಡ ಗ್ರಿಫಿತ್ ಅವರನ್ನು ಹುಡುಕಿಕೊಂಡು ಬಂದವರು ಬಹುಮಟ್ಟಿಗೆ ಕಾರ್ಮನ್ ಚಿತ್ರಗಳ ಅಭಿಮಾನಿಗಳೇ.

ಪ್ರಶ್ನೆ ಕೇಳಿದವರು ಮುಂದೆ ‘ಡೆತ್ ರೇಸ್ 2000’ (1975) ನೋಡಲಿ. ಪಾದಚಾರಿಗಳನ್ನು ಗುದ್ದಿದರೆ ಅಂಕ ಸಿಗುವ ಕಾರ್ ರೇಸಿಗಾಗಿ ಆಸ್ಪತ್ರೆಯವರು ವೃದ್ಧ ರೋಗಿಗಳನ್ನು ರಸ್ತೆಗೆ ತಂದು ಕೂರಿಸುತ್ತಾರೆ. ಬಂದ ಕಾರು ಅವರನ್ನು ಬಿಟ್ಟು ವೈದ್ಯರು, ದಾದಿಯರ ಮೇಲೆ ಹರಿಯುತ್ತದೆ. ಆ ಚಿತ್ರಕಥೆಯಲ್ಲಿ ರಾಬರ್ಟ್ ಥಾಮ್ ಅವರ ಹೆಸರೂ ಇರುವುದರಿಂದ ಈ ದೃಶ್ಯದ ಶ್ರೇಯಸ್ಸನ್ನು ಗ್ರಿಫಿತ್ ಒಬ್ಬರಿಗೇ ಕೊಡಲು ಬರುವುದಿಲ್ಲ.